ರಸ್ತೆ ದಾಟುವ ಮನುಷ್ಯನನ್ನು ವಾಪಸ್ ಹಾಕಿ

ವಾಹಿನಿಯ ಹಳೆಯ ದೃಶ್ಯಗಳ ಸಂಗ್ರಹಕ್ಕೆ ಮುಖ್ಯಸ್ಥರಾದ ಮಾನ್ಯರೇ,

ನನ್ನ ಯಜಮಾನರನ್ನು ನೀವು ಟಿವಿಯಿಂದ ತೆಗೆದುಹಾಕಿದ್ದೀರಿ. ದಯವಿಟ್ಟು ವಾಪಸ್ ಹಾಕಿ.

ಯಾರೆಂದು ಹೇಳಿದರೆ ನಿಮಗೂ ಗುರುತು ಸಿಕ್ಕೀತು. ಮಾರುಕಟ್ಟೆಯ ಮುಂದಿನ ರಸ್ತೆ. ಜನಜಂಗುಳಿಯ ನಡುವೆ ತಿಳಿ ನೀಲಿ ಅಂಗಿಯವರೊಬ್ಬರು ಕಂಕುಳಲ್ಲಿ ಚೀಲ ಅವುಚಿಕೊಂಡು ದಾಟುತ್ತಾರೆ. ಅರ್ಧಕ್ಕೆ ನಿಂತು, ಹಿಂದೆ ತಿರುಗಿ ಕೈ ಬೀಸುತ್ತಾರೆ. ಅಷ್ಟನ್ನೇ ನೀವು ವರ್ಷಗಟ್ಟಲೆ ಮತ್ತೆ ಮತ್ತೆ ತೋರಿಸಿದಿರಿ. ಬೆಲೆ ಏರಿದಾಗ ಅವರು ಕಂಗಾಲಾದ ಗ್ರಾಹಕ, ಚುನಾವಣೆ ಬಂದಾಗ ಉತ್ಸಾಹಿ ಮತದಾರ, ಜನಸಂಖ್ಯೆ ಹೆಚ್ಚಿದಾಗ ಹೆಚ್ಚಾದವರಲ್ಲೊಬ್ಬರು. ಯಾವ ಮಂತ್ರಿಗೂ ಇಷ್ಟು ಖಾತೆ ಸಿಕ್ಕಿರಲಿಕ್ಕಿಲ್ಲ.

ನನ್ನ ತಂಗಿ ಫೋನ್ ಮಾಡುತ್ತಿದ್ದಳು: "ಅಕ್ಕಾ, ಟಿವಿ ಹಾಕು. ಭಾವಂಗೆ ಇವತ್ತು ಸಕ್ಕರೆ ಕಾಯಿಲೆ ಬಂದಿದೆ."

ಯಜಮಾನರು ಫೋನ್ ಕಿತ್ತುಕೊಳ್ಳುತ್ತಿದ್ದರು. "ಹೋದ ವಾರ ಬಿಪಿ ಕೊಟ್ಟಿದ್ರಲ್ಲಮ್ಮಾ. ಇವರು ನನ್ನನ್ನ ಸಾಯಿಸೋವರೆಗೂ ಬಿಡಲ್ಲ."

ಸಾಯಿಸಿದ್ದು ನೀವಲ್ಲ, ಆ ಆಪಾದನೆ ನಿಮ್ಮ ಮೇಲಿಲ್ಲ. ಹೋದ ವರ್ಷ ಜ್ವರವೆಂದು ಮಲಗಿದವರು ಏಳಲಿಲ್ಲ. ಆಮೇಲೂ ವಾರ್ತೆಯಲ್ಲಿ ರಸ್ತೆ ದಾಟುತ್ತಲೇ ಇದ್ದರು. ನಾನು ಒಲೆ ಸಣ್ಣಗೆ ಮಾಡಿ ಬಂದು ಕೂರುತ್ತಿದ್ದೆ.

ಅಷ್ಟರಲ್ಲಿ ನಿಮ್ಮ ಸಾಕ್ಷ್ಯಚಿತ್ರ ಬಂತು. ಅವರು ಕೈ ಬೀಸುವ ಹೊತ್ತಿಗೆ ಗಂಭೀರ ಧ್ವನಿಯೊಂದು, "ಕೆಲಸವಿಲ್ಲದೆ ಬೀದಿ ಅಲೆದ ಪೀಳಿಗೆ" ಎಂದಿತು. ಸ್ವಾಮಿ, ಆ ಚೀಲದಲ್ಲಿ ಇದ್ದದ್ದು ಹೊಲಿಗೆ ಯಂತ್ರ ರಿಪೇರಿಯ ಸಲಕರಣೆ. ಭಾನುವಾರವೂ ಮನೆಯಲ್ಲಿ ಕೂತವರಲ್ಲ. ಅವರನ್ನು ರೋಗಿ ಮಾಡಿದ್ದಕ್ಕೆ ನಕ್ಕವಳು ನಾನು. ಸೋಮಾರಿ ಮಾಡಿದ್ದನ್ನು ಮಾತ್ರ ಸಹಿಸಲಾಗಲಿಲ್ಲ. ನಿಮ್ಮ ಕಚೇರಿಗೆ ಬಂದೆ.

ಮೇಜಿನ ಹಿಂದಿದ್ದಾಕೆ, "ಹಳೇ ದೃಶ್ಯ ಅಲ್ವಾ ಅಮ್ಮಾ, ಯಾರು ಏನು ಅಂತ ಯಾರಿಗೆ ಗೊತ್ತಾಗುತ್ತೆ?" ಎಂದರು.

"ನನಗೆ ಗೊತ್ತಾಗುತ್ತಲ್ಲಮ್ಮಾ," ಎಂದೆ.

ಮಾತು ಸರಿಪಡಿಸಿ ಎಂದಷ್ಟೇ ಕೇಳಿ ಬಂದಿದ್ದೆ. ನೀವು ಇಡೀ ದೃಶ್ಯವನ್ನೇ ಬಳಕೆಯಿಂದ ತೆಗೆದು, ಅನಾನುಕೂಲಕ್ಕೆ ವಿಷಾದಿಸಿದಿರಿ. ಗುಂಡಿ ಹಾಕಿಕೊಡಿ ಎಂದರೆ ಅಂಗಿಯನ್ನೇ ಸುಡುವ ದರ್ಜಿ ಎಲ್ಲಾದರೂ ಉಂಟೇ?

ಮನೆಯಲ್ಲಿ ಅವರ ಫೋಟೊಗಳಿವೆ. ಎಲ್ಲದರಲ್ಲೂ ಸೆಟೆದು ನಿಂತಿದ್ದಾರೆ. ಅವರು ನಡೆಯುವುದು ನಿಮ್ಮಲ್ಲಿ ಮಾತ್ರ. ಇಷ್ಟು ಸಲ ತೋರಿಸಿದಿರಲ್ಲ, ಆ ಕೈ ಬೀಸಿದ್ದು ಯಾರಿಗೆ ಎಂದು ನಿಮ್ಮಲ್ಲಿ ಯಾರಿಗಾದರೂ ಅನ್ನಿಸಿತೇ? ನನ್ನ ಚಪ್ಪಲಿಯ ಬಾರು ಕಿತ್ತುಹೋಗಿತ್ತು. ಈಚೆ ಬದಿಯಲ್ಲಿ ಕೂತು ಸರಿಮಾಡಿಕೊಳ್ಳುತ್ತಿದ್ದೆ. "ಬಾರೇ ಬೇಗ, ಬಸ್ಸು ಹೋಗಿಬಿಡುತ್ತೆ," ಎಂದು ಕರೆದರು. ನಿಮ್ಮ ಕ್ಯಾಮೆರಾ ನನ್ನವರೆಗೆ ಬರಲಿಲ್ಲ.

ಆದ್ದರಿಂದ ನನ್ನ ಒತ್ತಾಯ ಇಷ್ಟೇ: ಆ ದೃಶ್ಯವನ್ನು ಮತ್ತೆ ತೋರಿಸಿ. ಬೆಲೆ ಏರಿಕೆಗೂ ಹಾಕಿ, ಬೇಕಿದ್ದರೆ ಸಕ್ಕರೆ ಕಾಯಿಲೆಗೂ ಹಾಕಿ. ಕೆಳಗೆ ಮಾತ್ರ ಸಣ್ಣ ಅಕ್ಷರದಲ್ಲಿ ಹೀಗೆ ಬರೆಯಿರಿ: ಹಳೆಯ ದೃಶ್ಯ. ಹೊಲಿಗೆ ಯಂತ್ರ ರಿಪೇರಿಯವರು, ಕೆಲಸಕ್ಕೆ ಹೊರಟಿದ್ದಾರೆ. ಹೆಂಡತಿಗಾಗಿ ಕಾಯುತ್ತಿದ್ದಾರೆ.

ಇಂತಿ,
ರಸ್ತೆಯ ಈಚೆ ಬದಿಯಲ್ಲಿ ಉಳಿದವಳು