ಬೀಗರು ತುಳಿದ ದಾರಿ

ಸೆಪ್ಟೆಂಬರ್ 24, ಮಂಗಳವಾರ

ಬೆಳಿಗ್ಗೆಯಿಂದ ಇಸ್ತ್ರಿಗೆ ಬರೀ ಪ್ಯಾಂಟು. ಬ್ಯಾಂಕಿನ ಹುಡುಗರದು, ಎಲ್ಲ ಕಪ್ಪು. ಬಾಯ್ಲರ್ ಮತ್ತೆ ಹಬೆ ಕಕ್ಕುತ್ತಿದೆ, ರಬ್ಬರ್ ಬದಲಿಸಬೇಕು. ಮಧ್ಯಾಹ್ನ ತಣ್ಣನೆ ಅನ್ನ, ಕಿಮ್ಚಿ. ನಿಂತೇ ಊಟ.

ಶನಿವಾರ ಬೀಗರ ಭೇಟಿ. ಮಗಳು ಬೊಮಿ ಮೆಚ್ಚಿದ ಹುಡುಗ ಹನ್‌ಸೊಲ್ ಒಳ್ಳೆಯವನು, ಅವನ ಬಗ್ಗೆ ಭಯವಿಲ್ಲ. ಭಯ ಅವನಪ್ಪನದು. ಆಂದೊಂಗಿನ ಕ್ವೋನ್ ಮನೆತನ, ರಿಟೈರ್ ಆದ ಹೆಡ್‌ಮಾಸ್ಟರು. ವರ್ಷವಿಡೀ ಒಬ್ಬರಲ್ಲ ಒಬ್ಬರು ಹಿರಿಯರಿಗೆ ಎಡೆ ಇಡುವ ಮನೆಯಂತೆ. ನಮ್ಮಲ್ಲಿ ಅಪ್ಪನಿಗೆ ಒಂದು, ಅಮ್ಮನಿಗೆ ಒಂದು. ಅಲ್ಲಿಗೆ ಮುಗಿಯಿತು.

ಸಂಜೆ ನನ್ನ ಸೂಟಿಗೆ ಇಸ್ತ್ರಿ ಹಾಕುತ್ತಿದ್ದೆ. ಒಕ್‌ಬುನ್ ನೋಡಿ, "ಸೂಟು ನೆಟ್ಟಗಾಯ್ತು. ಒಳಗಿರೋ ಮನುಷ್ಯನ್ನೂ ಒಂದ್ಸಲ ಒತ್ತಿಬಿಡಿ" ಅಂದಳು. ಇಷ್ಟು ವರ್ಷ ಊರಿನವರ ಬಟ್ಟೆಗೆಲ್ಲ ಗುಂಡಿ ಹಾಕಿಕೊಟ್ಟೆ, ಹೆಂಡತಿಯ ಬಾಯಿಗೊಂದು ಹಾಕಲಾಗಲಿಲ್ಲ.

ಸೆಪ್ಟೆಂಬರ್ 28, ಶನಿವಾರ, ಸಂಜೆ

ಏನು ಮಾಡಿಬಿಟ್ಟೆ.

ಹೋಟೆಲು ಚೆನ್ನಾಗಿತ್ತು. ಒಳಗೆ ಹೋಗುವಾಗ ಕ್ವೋನ್ ಹೆಡ್‌ಮಾಸ್ಟರು ಹೊಸ್ತಿಲಲ್ಲಿ ಬಗ್ಗಿ ಎಲ್ಲರ ಶೂಗಳನ್ನೂ ಹೊರಮುಖವಾಗಿ ತಿರುಗಿಸಿ ಸಾಲಾಗಿ ಇಟ್ಟರು. ನನ್ನವನ್ನೂ. ಬೇಡ ಬೇಡ ಅನ್ನುವಷ್ಟರಲ್ಲಿ ಇಟ್ಟಾಗಿತ್ತು. ಅಲ್ಲಿಂದಲೇ ನಾನು ಕುಗ್ಗಿದೆ ಅಂತ ಕಾಣುತ್ತದೆ. ಮೇಜಿನ ತುಂಬ ತಟ್ಟೆಗಳು. ಯಾವುದಕ್ಕೆ ಮೊದಲು ಕೈ ಹಾಕಬೇಕೋ ತಿಳಿಯದೆ ಅವರನ್ನೇ ನೋಡಿಕೊಂಡು ತಿಂದೆ.

ಮೀನು ಬಂದ ಮೇಲೆ ಕೇಳಿದರು. ಆ ಕಡೆಯ ಹಿರಿಯರು ಎಲ್ಲರನ್ನೂ ಕೇಳುವುದೇ; ನಮ್ಮ ಹಾಗೆ ಲೀ ಅನ್ನುವವರು ಎಷ್ಟೋ, ಮೂಲದ ಊರು ಹೇಳಿದರೆ ಕುಲ ತಿಳಿಯುತ್ತದೆ. "ಬೀಗರೇ, ನಿಮ್ದು ಯಾವೂರಿನ ಲೀ?"

ಗೊತ್ತಿಲ್ಲ ಅನ್ನಬಹುದಿತ್ತು. ಈಗಿನ ಕಾಲದಲ್ಲಿ ಅದನ್ನೆಲ್ಲ ಯಾರು ನೋಡ್ತಾರೆ ಅಂತ ನಕ್ಕುಬಿಡಬಹುದಿತ್ತು. ನಾನು "ಜೊಂಜು ಲೀ" ಅಂದೆ.

ಐನೂರು ವರ್ಷ ಈ ದೇಶ ಆಳಿದ ರಾಜರ ಕುಲ! ಬೀಗತಿ ಚಾಪ್‌ಸ್ಟಿಕ್ ಕೆಳಗಿಟ್ಟರು. ಹೆಡ್‌ಮಾಸ್ಟರು ಬೆನ್ನು ನೆಟ್ಟಗೆ ಮಾಡಿಕೊಂಡು ಯಾವ ಕವಲು ಎಂದರು. ಬಾಯಿಗೆ ಬಂದದ್ದು ಹ್ಯೋರ್ಯೊಂಗ್ ರಾಜಕುಮಾರನ ಹೆಸರು. ಸ್ಕೂಲಿನಲ್ಲಿ ಓದಿದ್ದು. ಅವರು ಎರಡೂ ಕೈಯಲ್ಲಿ ನನಗೆ ಹೆಂಡ ಬಗ್ಗಿಸಿದರು. ನಾನು ಒಂದೇ ಕೈಯಲ್ಲಿ ಲೋಟ ಹಿಡಿದೆ, ದೊಡ್ಡ ಮನುಷ್ಯನ ಹಾಗೆ. ಆ ಗಳಿಗೆ ಹಿತವಾಗಿತ್ತು, ಅದನ್ನೂ ಬರೆಯಬೇಕು.

ಬೊಮಿ ತಟ್ಟೆಯಿಂದ ತಲೆ ಎತ್ತಲಿಲ್ಲ.

ನಿಜ ಏನೆಂದರೆ ನಮ್ಮ ಮುತ್ತಜ್ಜ ಯಾವುದೋ ಲೀ ದೊಡ್ಡಮನೆಯ ಆಳು. ಸಂಬಳದ ಆಳಲ್ಲ, ಕೊಂಡ ಆಳು. ಸರ್ಕಾರದವರು ಎಲ್ಲರಿಗೂ ಮನೆತನದ ಹೆಸರು ಬೇಕು ಅಂದಾಗ ಯಜಮಾನರದನ್ನೇ ಬರೆಸಿದ. ಅಪ್ಪ ಇದನ್ನು ಯಾರ ಎದುರಿಗಾದರೂ ಹೇಳುತ್ತಿದ್ದ, ನಗುತ್ತಲೇ. ನನಗೆ ಆಗ ಅಪ್ಪನ ಬಾಯಿ ಮುಚ್ಚಬೇಕು ಅನ್ನಿಸುತ್ತಿತ್ತು. ಮುತ್ತಜ್ಜನ ಹೆಸರು ನನಗೆ ಗೊತ್ತು. ಇಲ್ಲಿ ಕೂಡ ಬರೆಯುವುದಿಲ್ಲ.

ಬಸ್ಸಿನಲ್ಲಿ ಒಕ್‌ಬುನ್ ಒಂದೇ ಮಾತು ಆಡಿದಳು. "ಮಹಾರಾಜರು ಇಳೀತೀರೋ, ಪಲ್ಲಕ್ಕಿ ಕರೆಸ್ಲೋ?" ನಮ್ಮ ಸ್ಟಾಪು ಬಂದದ್ದೇ ನನಗೆ ಗೊತ್ತಾಗಿರಲಿಲ್ಲ.

ಅಕ್ಟೋಬರ್ 6, ಭಾನುವಾರ

ಬೊಮಿ ಫೋನು. ಛತ್ರ ನೋಡಲು ಬೀಗರು ಹದಿನೆಂಟಕ್ಕೆ ಸೋಲ್‌ಗೆ ಬರುತ್ತಾರಂತೆ. ಬಂದವರು ಎಲ್ಲರ ಜೊತೆ ಜೊಂಗ್‌ಮ್ಯೊ ನೋಡಬೇಕಂತೆ. ರಾಜರುಗಳ ಆತ್ಮಗಳನ್ನು ಕೂರಿಸಿರುವ ಗುಡಿ. ಗೈಡ್ ಜೊತೆ ನಡೆದು ನೋಡುವುದಕ್ಕೆ ಹೆಡ್‌ಮಾಸ್ಟರು ನಮ್ಮ ಭೇಟಿಯ ಮರುದಿನವೇ ಬುಕ್ ಮಾಡಿದ್ದಾರೆ. "ನಿಮ್ಮ ಹಿರಿಯರ ಜಾಗ, ನಿಮ್ಮ ಜೊತೇಲೇ ನೋಡ್ಬೇಕಂತೆ" ಅಂದಳು. ಅವಳ ದನಿಯಲ್ಲಿ ಏನೂ ಇರಲಿಲ್ಲ. ಬೈದಿದ್ದರೆ ವಾಸಿಯಾಗಿತ್ತು.

ಅಂಗಡಿಯಿಂದ ಕೂಗಳತೆ ದೂರದ ಜಾಗ ಅದು. ಹೊರಗಿನ ಪಾರ್ಕಿನಲ್ಲಿ ಮುದುಕರು ಚದುರಂಗ ಆಡುವುದನ್ನು ಎಷ್ಟೋ ಸಲ ನೋಡಿದ್ದೇನೆ. ಒಳಗೆ ಕಾಲಿಟ್ಟಿಲ್ಲ.

ಅಕ್ಟೋಬರ್ 13, ಭಾನುವಾರ

ರಾಜರ ಹೆಸರು ಬಾಯಿಪಾಠ. ತೇಜೊ, ಜೊಂಗ್‌ಜೊಂಗ್, ತೇಜೊಂಗ್, ಸೇಜೊಂಗ್... ಫೋನನ್ನು ಕಾಲರ್ ಹಲಗೆಗೆ ಒರಗಿಸಿಕೊಂಡು ಓದುತ್ತಿದ್ದೇನೆ. ಗುರುವಾರ ಹದಿಮೂರನೆಯ ರಾಜನ ಹತ್ತಿರ ತಡವರಿಸಿ ವಕೀಲಮ್ಮನ ಬ್ಲೌಸ್ ಸುಟ್ಟೆ. ಹೊಸದು ಕೊಡಿಸಬೇಕಾಯಿತು. ಒಕ್‌ಬುನ್ ಈಗ ಊಟಕ್ಕೆ ಕರೆಯುವಾಗ "ಪ್ರಭುಗಳೇ" ಅನ್ನುತ್ತಾಳೆ.

ಬಿಟ್ಟುಬಿಡಿ, ನಿಜ ಹೇಳಿಬಿಡಿ ಅಂತಲೂ ಅಂದಳು. ಮದುವೆ ಮುಗಿಯಲಿ ಅಂದೆ. ಈಗ ಬಾಯಿಬಿಟ್ಟರೆ ಅಪ್ಪನೇ ಸುಳ್ಳ ಅಂತ ಬೊಮಿ ಆ ಮನೆಗೆ ತಲೆ ತಗ್ಗಿಸಿಕೊಂಡು ಹೋಗಬೇಕು. ಜೀವನಪೂರ್ತಿ ಕೇಳಬೇಕು. ಹೇಳುವುದು ಹೇಗೆ?

ಅಕ್ಟೋಬರ್ 18, ಶುಕ್ರವಾರ, ಸಂಜೆ

ಬಚಾವಾದೆ. ದೇವರು ದೊಡ್ಡವನು.

ಬಿಸಿಲು ಚೆನ್ನಾಗಿತ್ತು. ಬಾಗಿಲಿನಿಂದಲೇ ಕಲ್ಲು ಹಾಸಿದ ದಾರಿ, ಮೂರು ಪಟ್ಟಿ. ನಡುವಿನದು ಸ್ವಲ್ಪ ಎತ್ತರ, ಅದು ಆತ್ಮಗಳು ಓಡಾಡುವ ದಾರಿ, ಮನುಷ್ಯರು ತುಳಿಯಬಾರದು. ನಾನು ಬೀಗತಿಗೆ ಏನೋ ಹೇಳುತ್ತ ನೇರ ಅದರ ಮೇಲೆ ಕಾಲಿಡುವುದರಲ್ಲಿದ್ದೆ. ಹೆಡ್‌ಮಾಸ್ಟರು ಮೆಲ್ಲಗೆ ನನ್ನ ತೋಳು ಹಿಡಿದು ಪಕ್ಕಕ್ಕೆ ಎಳೆದುಕೊಂಡರು. ಒಕ್‌ಬುನ್ ಬಿಟ್ಟು ಯಾರೂ ನೋಡಲಿಲ್ಲ.

ಗೈಡ್ ಐವತ್ತು ದಾಟಿದ ಹೆಂಗಸು, ಮೈಕು ಬೇಡದ ಗಂಟಲು. ದೊಡ್ಡ ಅಂಗಳಕ್ಕೆ ಬಂದೆವು. ಉದ್ದಕ್ಕೂ ಆ ಒಂದೇ ಛಾವಣಿ, ಕೆಳಗೆ ಸಾಲು ಬಾಗಿಲು, ಒಂದೊಂದರ ಹಿಂದೆ ಒಬ್ಬೊಬ್ಬ ರಾಜ. ಎಲ್ಲರೂ ಮಾತು ನಿಲ್ಲಿಸಿದರು. ಆಗ ಅವಳು ನಗುತ್ತ, ಇಲ್ಲಿ ಜೊಂಜು ಲೀಗಳು ಯಾರಾದರೂ ಇದ್ದೀರಾ ಎಂದಳು.

ಕೈ ತಾನಾಗಿ ಮೇಲೆ ಹೋಯಿತು! ನನ್ನದೇ ಕೈ. ಅಷ್ಟು ದಿನದ ಬಾಯಿಪಾಠ ವ್ಯರ್ಥವಾಗಬಾರದು ಅಂತಲೋ ಏನೋ.

"ಅಯ್ಯೋ, ನಾನೂ ಜೊಂಜು ಲೀನೇ" ಅಂದಳು. "ನಿಮ್ಮ ಹೆಸರೇನು? ಯಾವ ತಲೆಮಾರು? ನೀವು ನಂಗೆ ಅಜ್ಜನೋ ಮೊಮ್ಮಗನೋ, ಗೊತ್ತಾಗ್ದೆ ಹೇಗ್ ಮಾತಾಡ್ಸೋದು?"

ಒಂದು ತಲೆಮಾರಿನವರಿಗೆಲ್ಲ ಹೆಸರಿನಲ್ಲಿ ಒಂದೇ ಅಕ್ಷರ ಇಡುತ್ತಾರೆ ದೊಡ್ಡ ಮನೆಗಳಲ್ಲಿ. ಹೆಸರು ಕೇಳಿದರೆ ಸಾಕು, ಯಾರು ಯಾರಿಗೆ ಏನಾಗಬೇಕು ಅಂತ ಹೇಳಿಬಿಡುತ್ತಾರೆ. ಇಪ್ಪತ್ತೇಳು ರಾಜರ ಹೆಸರು ಕಲಿತ ಪೆದ್ದ ನಾನು, ನನ್ನ ಹೆಸರನ್ನೇ ಮರೆತಿದ್ದೆ. ಪಾನ್‌ಸುಲ್! ಹಳ್ಳಿಯ ಗಿರಣಿಯವನು ಇಟ್ಟ ಹೆಸರು. ಅದರಲ್ಲಿ ಯಾವ ಅಕ್ಷರ ಇರುತ್ತದೆ?

ಬಾಯಿ ತೆರೆದೆ. ಇಡೀ ಗುಂಪು ನನ್ನನ್ನೇ ನೋಡುತ್ತಿತ್ತು. ಬೊಮಿಯ ಮುಖ ಸುಣ್ಣ. ಒಕ್‌ಬುನ್ ತನ್ನ ಶೂ ನೋಡಿಕೊಳ್ಳುತ್ತಿದ್ದಳು. "ಪಾ..." ಅಂದೆ.

ಅಷ್ಟರಲ್ಲಿ ಯಾರೋ ಹುಯಿಲೆಬ್ಬಿಸಿದರು. ತಿರುಗಿದರೆ ಆತ್ಮಗಳ ದಾರಿಯ ಮೇಲೆ ಸರಿಯಾಗಿ ನಟ್ಟ ನಡುವೆ, ಕೈ ಹಿಂದೆ ಕಟ್ಟಿಕೊಂಡು ನಮ್ಮ ಹೆಡ್‌ಮಾಸ್ಟರು! ಗೈಡ್ ನನ್ನನ್ನು ಬಿಟ್ಟು ಅತ್ತ ಓಡಿದಳು. "ಸರ್, ಇಳೀರಿ. ಬಾಗಿಲಲ್ಲೇ ಹೇಳಿದ್ನಲ್ಲ, ಇಷ್ಟು ವಯಸ್ಸಾಗಿ ನೀವೇ ಹೀಗ್ ಮಾಡಿದ್ರೆ ಮಕ್ಕಳಿಗೇನ್ ಹೇಳೋದು?" ಅವರು ಇಳಿದು ನಡು ಬಗ್ಗಿಸಿ ಕ್ಷಮೆ ಕೇಳಿದರು. ಗುಡಿಯ ಕಡೆ ತಿರುಗಿ ಮತ್ತೊಮ್ಮೆ ಬಗ್ಗಿದರು. ಕಿವಿಯವರೆಗೂ ಕೆಂಪಾಗಿದ್ದರು. ಗುಂಪಿನಲ್ಲಿ ಯಾರೋ ಫೋಟೊ ಕೂಡ ತೆಗೆದರು. ಆಮೇಲೆ ಕೊನೆಯವರೆಗೂ ಅವಳ ಕಣ್ಣು ಅವರ ಕಾಲಿನ ಮೇಲೇ. ನನ್ನ ಹೆಸರು ಅವಳಿಗೆ ಮರೆತೇಹೋಯಿತು.

ಎಷ್ಟು ಹಗುರವಾಯಿತೆಂದರೆ ನಾಲಗೆ ಸಡಿಲವಾಯಿತು. "ಏನ್ ಬೀಗರೇ, ಆಂದೊಂಗಿನವರಿಗೂ ದಾರಿ ತಪ್ಪುತ್ತಾ?" ಅಂದೆ, ಎಲ್ಲರ ಎದುರಿಗೆ. ಮೂಳೆಸಾರಿನ ಊಟಕ್ಕೆ ಕೂತಾಗ ಇನ್ನೊಂದು ಸಲ ಅಂದೆ. ನಮ್ಮ ಅಜ್ಜಂದಿರು ಮುನಿಸಿಕೊಂಡರೆ ನಾನು ಮಾತಾಡಿ ಸಮಾಧಾನ ಮಾಡುತ್ತೇನೆ ಅಂತಲೂ ಸೇರಿಸಿದೆ. ಅವರು ನಕ್ಕರು. ನನ್ನ ಬಟ್ಟಲಿಗೆ ಈರುಳ್ಳಿಸೊಪ್ಪು ಹಾಕಿದರು.

ಅಕ್ಟೋಬರ್ 19, ಶನಿವಾರ

ಒಕ್‌ಬುನ್ ಶರ್ಟು ಮಡಿಸುತ್ತ ಹೇಳಿದಳು, ನನ್ನ ಕಡೆ ನೋಡದೆ. "ಬಾಗಿಲಲ್ಲಿ ನಿಮ್ಮನ್ನ ಪಕ್ಕಕ್ಕೆ ಎಳೆದವರು ಅವರೇ. ಅಂಥವರು ಅಂಗಳದಲ್ಲಿ ಹೋಗಿ ನಡುವೆ ನಿಂತ್ಕೊಂಡ್ರಾ, ತಪ್ಪಿ?"

ಇಸ್ತ್ರಿಪೆಟ್ಟಿಗೆ ಕೆಳಗಿಟ್ಟೆ.

ಶಟರ್ ಎಳೆದುಬಿಟ್ಟೆ. ಇವತ್ತು ಅಂಗಡಿ ಇಲ್ಲ.

ಅಕ್ಟೋಬರ್ 23, ಬುಧವಾರ

ಮೂರು ದಿನ ಬರೆಯಲಾಗಲಿಲ್ಲ. ಕನ್ನಡಿಯಲ್ಲಿ ಗಡ್ಡ ಹೆರೆಯುವಾಗಲೂ ಗಲ್ಲ ಮಾತ್ರ ನೋಡಿಕೊಳ್ಳುತ್ತೇನೆ, ಕಣ್ಣು ನೋಡುವುದಿಲ್ಲ.

ಬೊಮಿಯನ್ನು ಕರೆಸಿ ಕೇಳಿದೆ. ಎಲ್ಲ ಹೇಳಿದಳು. ನಾನು ಸುಳ್ಳು ಹೇಳಿದ ವಾರ ಅವಳು ಅಳುತ್ತ ಹನ್‌ಸೊಲ್‌ಗೆ ನಿಜ ಹೇಳಿದ್ದಳು. ಅವನು ಅಪ್ಪನಿಗೆ ಹೇಳಿದ್ದ. ಗುಡಿಗೆ ಬುಕ್ ಆಗಿಹೋಗಿತ್ತು. ಬೇಡ ಅಂದರೆ ಯಾಕೆ ಬೇಡ ಅಂತ ನಾನು ಊಹಿಸುತ್ತೇನಲ್ಲ, ಅದಕ್ಕೆ ಹೆಡ್‌ಮಾಸ್ಟರು ಹಾಗೇ ಇರಲಿ ಅಂದರಂತೆ. ಬೀಗತಿಗೂ ಹೇಳಲಿಲ್ಲವಂತೆ. "ಹೆಣ್ಣು ಕೊಡೋ ಮನೆಯವರು ಊಟದ ಮುಂದೆ ಕೂತಾಗ ನಾನು ಆ ಪ್ರಶ್ನೆ ಕೇಳಿದ್ದೇ ತಪ್ಪು" ಅಂದರಂತೆ ಮಗನಿಗೆ. ತಪ್ಪು ಅವರದಂತೆ!

ನನ್ನಿಂದ ಬೀಗರ ಎದುರು ನಿನ್ನ ಮರ್ಯಾದೆ ಹೋಯಿತು ಅಂತ ಅತ್ತಿದ್ದಾ ಅಂದೆ.

"ಮರ್ಯಾದೆ ಹೋಗಿದ್ದಕ್ಕಲ್ಲಪ್ಪ" ಅಂದಳು. "ತಾತ ನಂಗೆ ಮುತ್ತಾತನ ಕಥೆ ಎಷ್ಟ್ ಸಲ ಹೇಳಿದಾನೆ. ಮಂಜಲ್ಲಿ ಬರಿಗಾಲಲ್ಲಿ ಸೌದೆ ಹೊತ್ತಿದ್ದು, ಬಿಡುಗಡೆ ಆದ ದಿನ ಎಲ್ಲಿಗೆ ಹೋಗೋದು ಅಂತ ತಿಳೀದೆ ಗೇಟಿನ ಹತ್ರಾನೇ ಕೂತಿದ್ದು. ನಂಗೆ ಅವನು ಇಷ್ಟ. ನೀನು ಅವನನ್ನ ಮನೆಯಿಂದ ಆಚೆ ಹಾಕ್ಬಿಟ್ಯಲ್ಲ, ಅದಕ್ಕೆ."

ಅವಳನ್ನು ಬಸ್ ಸ್ಟಾಪಿನವರೆಗೆ ಬಿಟ್ಟು ಬಂದೆ.

ಕುಲ ಇಲ್ಲದ್ದಕ್ಕೆ ನಾಚಿಕೆ ಪಡುತ್ತಿದ್ದೆ ಇಷ್ಟು ದಿನ. ಈಗ ಆ ನಾಚಿಕೆಯೇ ಬೇಕಿತ್ತು ಅನ್ನಿಸುತ್ತದೆ, ಅದು ಎಷ್ಟೋ ಸಣ್ಣದು. ನನಗೋಸ್ಕರ ಒಬ್ಬ ಹಿರಿಯರು, ಹುಟ್ಟಿದಾಗಿನಿಂದ ಒಂದು ಎಡೆಯ ಬಟ್ಟಲನ್ನೂ ಅಡ್ಡ ಇಡದವರು, ಸತ್ತವರ ದಾರಿ ತುಳಿದು ಬೈಸಿಕೊಂಡರು. ನಾನು ಅದನ್ನು ಹಿಡಿದು ಅವರನ್ನೇ ಹಂಗಿಸಿದೆ. ಒಂದಲ್ಲ, ಎರಡು ಸಲ. ಬಾಯಿಯಲ್ಲಿ ಮೂಳೆಸಾರು ಇಟ್ಟುಕೊಂಡು.

ಅಕ್ಟೋಬರ್ 25, ಶುಕ್ರವಾರ

ಹೆಡ್‌ಮಾಸ್ಟರ ಫೋನು. ಮದುವೆಗೆ ಅವರು ತಮ್ಮ ಅಪ್ಪನ ರೇಷ್ಮೆ ನಿಲುವಂಗಿ ಹಾಕುತ್ತಾರಂತೆ, ಊರಿನ ಲಾಂಡ್ರಿಯವರ ಕೈಗೆ ಕೊಡಲು ಮನಸ್ಸಿಲ್ಲವಂತೆ. "ನಿಮ್ಮ ಕೈಯಲ್ಲಿ ಆಗ್ಲಿ ಬೀಗರೇ. ಭಾನುವಾರ ನಾನೇ ತರ್ತೀನಿ, ನೀವು ಒತ್ತೋದನ್ನ ಕೂತ್ಕೊಂಡ್ ನೋಡ್ತೀನಿ."

ಹೂಂ ಅಂದೆ.

ಅಕ್ಟೋಬರ್ 27, ಭಾನುವಾರ, ಬೆಳಿಗ್ಗೆ

ಮೇಜಿಗೆ ಹೊಸ ಬಿಳಿ ಬಟ್ಟೆ ಹಾಸಿದ್ದೇನೆ. ಬಾಯ್ಲರ್ ರಬ್ಬರ್ ಬದಲಿಸಿದೆ. ಬಾರ್ಲಿ ಚಹ ಕುದಿಯುತ್ತಿದೆ.

ಬಟ್ಟೆ ಮುಟ್ಟುವ ಮೊದಲೇ ಹೇಳಬೇಕು. ಮುಟ್ಟಿದ ಮೇಲೆ ಹೇಳಿದರೆ ಮತ್ತೆ ಮೋಸ. ಬೆಳಗಿನಿಂದ ಅಭ್ಯಾಸ ಮಾಡುತ್ತಿದ್ದೇನೆ, ಎರಡನೆಯ ಮಾತಿಗೇ ಮತ್ತೆ ಮೊದಲಿನಿಂದ ಶುರು. ಒಕ್‌ಬುನ್ ಚಹ ಕಲಕುತ್ತ, "ಅಷ್ಟೊಂದು ರಾಜರ ಹೆಸರು ಬಾಯಿಪಾಠ ಮಾಡಿದ್ರಿ. ಒಬ್ಬ ಮುತ್ತಜ್ಜನ ಹೆಸರು ಬಾಯಿಗೆ ಬರಲ್ವಾ?" ಅಂದಳು. ಈ ಸಲ ಹಂಗಿಸಿದ್ದಲ್ಲ. ದನಿ ಬೇರೆ ಇತ್ತು.

ಇಲ್ಲಿ ಬರೆದುಕೊಂಡರೆ ಆಗಬಹುದು.

ಬೀಗರೇ, ನಿಮಗೆ ಗೊತ್ತು ಅಂತ ನನಗೂ ಗೊತ್ತು. ಆದರೂ ನನ್ನ ಬಾಯಿಂದ ಕೇಳಿ. ಅವತ್ತು ಊಟದಲ್ಲಿ ಹೇಳಿದ್ದು ಸುಳ್ಳು. ಅಂಗಳದಲ್ಲಿ ನೀವು ನಿಂತದ್ದು ಯಾಕೆ ಅಂತ ತಿಳಿಯದೆ ನಿಮ್ಮನ್ನು ನಗೆಪಾಟಲು ಮಾಡಿದೆ. ನಮ್ಮ ಮುತ್ತಜ್ಜ ರಾಜರ ಕುಲದವನಲ್ಲ, ಲೀಗಳ ಮನೆಯ ಕೊಂಡ ಆಳು. ಅವನ ಹೆಸರು...

ಶಟರ್ ತಟ್ಟುತ್ತಿದ್ದಾರೆ. ಬೇಗ ಬಂದುಬಿಟ್ಟರು. ಒಕ್‌ಬುನ್ ತೆಗೆದಳು. ಗಾಜಿನಲ್ಲಿ ಕಾಣುತ್ತಿದೆ, ಹೊಸ್ತಿಲಲ್ಲಿ ಬಗ್ಗಿದ್ದಾರೆ, ಕಂಕುಳಲ್ಲಿ ಗಂಟು, ನನ್ನ ಹಳೆ ರಬ್ಬರ್ ಚಪ್ಪಲಿ ತಿರುಗಿಸಿ ಇಡುತ್ತಿದ್ದಾರೆ—

ಏಳಬೇಕು. ದೋಲ್‌ಸೆ. ನಮ್ಮ ಮುತ್ತಜ್ಜನ ಹೆಸರು ದೋಲ್‌ಸೆ, ಬೀಗರೇ, ಅವನು