ಬದುವಿನ ಅಪೀಲು

ದೇವಯ್ಯ,

ನಮ್ಮಿಬ್ಬರ ಹೊಲಗಳ ನಡುವಿನ ಬದುವಿಗಾಗಿ ನಾನು ಹಾಕಿದ್ದ ಅಪೀಲು ಇನ್ನೂ ಇದೆ. ನೀನು ತೀರಿಕೊಂಡಾಗ ಹುಣಸೂರಿನ ವಕೀಲರು ಹೇಳಿದ್ದರು: "ತೊಂಬತ್ತು ದಿನದೊಳಗೆ ಅವರ ವಾರಸುದಾರರನ್ನ ಸೇರಿಸ್ದೆ ಇದ್ರೆ ಅಪೀಲು ಬಿದ್ದೋಗುತ್ತೆ ಕಣ್ರೀ. ಡೆತ್ ಸರ್ಟಿಫಿಕೇಟ್ ತನ್ನಿ."

ಅದನ್ನು ಕೇಳಲೆಂದೇ ಇವತ್ತು, ಹನ್ನೆರಡು ವರ್ಷದ ಮೇಲೆ, ನಿನ್ನ ಮನೆಗೆ ಹೋದೆ. ನಿನ್ನ ಹೆಂಡತಿ ಚಿಕ್ಕಸಿದ್ದಮ್ಮ ನಾನು ಮಾತಾಡಿಸಲು ಬಂದೆನೆಂದುಕೊಂಡಳು.

"ಈಗ್ಲಾರಾ ಬಂದ್ಯಲ್ಲ ಅಣ್ಣ, ಕುಂತ್ಕೊ" ಎಂದು ಕಾಫಿ ಕೊಟ್ಟಳು. "ಕೋರ್ಟಿಂದ ಬಂದಾಗ್ಲೆಲ್ಲ ಇವ್ರು, ನಮ್ ಎದುರು ಪಾರ್ಟಿ ಸೊರಗೋಗವ್ನೆ ಕಣಮ್ಮಿ ಅನ್ನೋರು."

ಕಾಫಿ ಕುಡಿದೆ. ಸರ್ಟಿಫಿಕೇಟ್ ಕೇಳಲಿಲ್ಲ.

ನಾಳೆಗೆ ತೊಂಬತ್ತು ದಿನ. ಬದು ನಿನ್ನ ಮಕ್ಕಳಿಗೇ ಉಳಿಯುತ್ತದೆ. ಬರುವಾಗ ಅದನ್ನು ದಾಟಿಕೊಂಡೇ ಬಂದೆ. ಒಂದೂವರೆ ಹೆಜ್ಜೆ ಅಗಲವಿದೆ.