ಇನ್ನು ಬೀಗ ತೆಗೆಯಬಹುದು

ಚಂದಕವಾಡಿ
14-6-1956

ಹಂಗಳದ ತವರಿನಲ್ಲಿರುವ ಗಂಗಾಂಬಿಕೆಗೆ ಬಾವ ಶಿವಮಲ್ಲಪ್ಪನ ಆಶೀರ್ವಾದ. ರೂಢಿಯಂತೆ ಕೈ ಮೊದಲು ‘ಸೌಭಾಗ್ಯವತಿ’ ಎಂದು ಬರೆದಿತ್ತು, ಹೊಡೆದು ಹಾಕಿದ್ದೇನೆ.

ತಮ್ಮ ಪುಟ್ಟಮಲ್ಲಪ್ಪ ತೀರಿಕೊಂಡು ನಿನ್ನೆಗೆ ತೊಂಬತ್ತು ದಿನ. ಕೆಟ್ಟ ನಕ್ಷತ್ರದಲ್ಲಿ ಹೋದನೆಂದು ಹೇಳಿ, ನಿಮ್ಮ ಮನೆಗೆ ಮೂರು ತಿಂಗಳು ಬೀಗ ಹಾಕಿಸಿದವನು ನಾನೇ. “ಬಾವಾ, ಕೋರ್ಟಿನ ಕಾಗದ ಒಳಗೇ ಅವೆ, ಎತ್ಕೊಂಬುಡ್ತೀನಿ” ಎಂದು ನೀನು ಅತ್ತಿದ್ದೆ. “ಬಾಗ್ಲು ತಗುದ್ರೆ ಮಕ್ಕಳಿಗೆ ಆಗ್ಬರಕಿಲ್ಲ ಕಣವ್ವ” ಎಂದೆ. ನೀನು ಮಾತು ಮೀರುವವಳಲ್ಲ.

ಕೆಳಗಿನ ಕೋರ್ಟಿನಲ್ಲಿ ಸೋತು ಅವನು ನನ್ನ ಮೇಲೆ ಹಾಕಿದ್ದ ಜಮೀನಿನ ಅಪೀಲಿನ ವಿಷಯ. ಅಪೀಲು ಹಾಕಿದವನು ಸತ್ತರೆ ತೊಂಬತ್ತು ದಿನದೊಳಗೆ ವಾರಸುದಾರರು ಅರ್ಜಿ ಕೊಡಬೇಕಂತೆ. ಕೊಡದಿದ್ದರೆ ಅಪೀಲೂ ಅವನ ಜೊತೆಗೇ ಮುಗಿಯಿತು. ಇದನ್ನು ನನ್ನ ವಕೀಲರು ತಮ್ಮನ ಮಣ್ಣಿಗೆ ಬಂದಿದ್ದಾಗಲೇ ನನಗೆ ಹೇಳಿದ್ದರು. ನೀನು ದುಃಖದಲ್ಲಿದ್ದೆ, ತಿಳಿಸಲಿಲ್ಲ.

ಬೀಗ ತೆಗೆಯಲು ಬರುವಾಗ ಮಕ್ಕಳನ್ನೂ ಕರೆದುಕೊಂಡು ಬಾ. ಆ ಹೊಲದಲ್ಲಿ ಕಳೆ ಎದ್ದಿದೆ, ಕೂಲಿಗೆ ಜನ ಸಾಲದು.

ಇನ್ನೊಂದು ಮಾತು. ಮೊನ್ನೆ ಐನೋರ ಹತ್ತಿರ ಪಂಚಾಂಗ ತೆಗೆಸಿ ನೋಡಿಸಿದೆ. ತಮ್ಮ ಹೋದದ್ದು ಒಳ್ಳೆಯ ನಕ್ಷತ್ರದಲ್ಲೇ ಅಂತೆ. ಅದೊಂದು ಸಮಾಧಾನ ನಿನಗಿರಲಿ.

ಇತಿ ನಿನ್ನ ಬಾವ,
ಶಿವಮಲ್ಲಪ್ಪ